ಚಿಗರಿ ದಾರಿಯಲ್ಲಿ ಬೈಕ್ ಓಡಿಸಿ ತಮ್ಮ ದಂಡ ಕಟ್ಟಿದ. ನಿಯಮ ನಿಜಕ್ಕೂ ಏನು?

ಉಣಕಲ್ ಕೆರೆದಂಡೆ

ಎಲ್ಲರಿಗೂ ನಮಸ್ಕಾರ. ನಾವು ಹುಬ್ಬಳ್ಳಿಯ ಉಣಕಲ್‌ನವರು. ನಾನು ಕೆಲಸಕ್ಕೆ ದಿನಾ ಚಿಗರಿ, ಅಂದರೆ ಹುಬ್ಬಳ್ಳಿ-ಧಾರವಾಡ ನಡುವಿನ ಬಿಆರ್‌ಟಿಎಸ್ ಬಸ್ ಹತ್ತಿ ಧಾರವಾಡಕ್ಕೆ ಹೋಗುತ್ತೇನೆ. ಮೊನ್ನೆ ಶುಕ್ರವಾರ ನನ್ನ ತಮ್ಮ ಬೈಕ್ ತಗೊಂಡು ಆ ಬಸ್ಸಿಗಷ್ಟೇ ಮೀಸಲಾದ ಬಿಆರ್‌ಟಿಎಸ್ ದಾರಿಯೊಳಗೆ ನುಗ್ಗಿದ್ದಾನೆ. ಮುಂದಿನ ಸಿಗ್ನಲ್‌ನಲ್ಲಿ ಪೊಲೀಸರು ಹಿಡಿದು 500 ರೂಪಾಯಿ ದಂಡ ಹಾಕಿದರು. ಮನೆಗೆ ಬಂದವನೇ ಕೂಗಾಡಿದ. "ಆ ದಾರಿ ಖಾಲಿ ಬಿದ್ದಿತ್ತು ಅಕ್ಕಾ. ಒಂದು ನರಪಿಳ್ಳೆ ಇರಲಿಲ್ಲ. ಪಕ್ಕದಲ್ಲಿ ನಾವೆಲ್ಲ ಹೊಗೆ ಕುಡಿಯುತ್ತಾ ನಿಂತಿದ್ದೆವು. ಖಾಲಿ ರಸ್ತೆಯಲ್ಲಿ ಹೋದರೆ ಯಾರಿಗೇನು ನಷ್ಟ?" ಅಂತ.

ನನಗೆ ಆ ಕ್ಷಣ ಮಾತು ಹೊರಡಲಿಲ್ಲ. ಯಾಕೆಂದರೆ ಅದರ ಹಿಂದಿನ ವಾರವೇ ನಾನಿದ್ದ ಬಸ್ಸಿನಲ್ಲಿ ಒಂದು ಘಟನೆ ನಡೆದಿತ್ತು. ನವನಗರ ದಾಟಿದ ಮೇಲೆ ರೇಲಿಂಗ್ ಮುರಿದ ಜಾಗದಿಂದ ಒಬ್ಬ ಹುಡುಗ ಸ್ಕೂಟರ್ ನುಗ್ಗಿಸಿದ. ಚಾಲಕರು ಒಮ್ಮೆಗೇ ಬ್ರೇಕ್ ಒತ್ತಿದರು. ನನ್ನ ಮುಂದೆ ಆಸ್ಪತ್ರೆಗೆ ಹೊರಟ ಒಬ್ಬ ಅಜ್ಜಿ ಒಂದು ಕೈಯಲ್ಲಿ ಕಂಬ, ಇನ್ನೊಂದು ಕೈಯಲ್ಲಿ ಬುತ್ತಿ ಗಂಟು ಹಿಡಿದು ನಿಂತಿದ್ದರು. ಮಗ ಆಸ್ಪತ್ರೆಯಲ್ಲಿದ್ದಾನೆ, ಅವನಿಗೆ ಊಟ ಒಯ್ಯುತ್ತಿದ್ದೇನೆ ಅಂತ ಈಗಷ್ಟೇ ಹೇಳಿದ್ದರು. ಬ್ರೇಕ್ ಬಿದ್ದ ಹೊಡೆತಕ್ಕೆ ಕೈ ಜಾರಿ ಬಾಗಿಲ ತನಕ ಹೋಗಿ ಬಿದ್ದರು. ಗಂಟು ಬಿಚ್ಚಿತು. ಖಡಕ್ ರೊಟ್ಟಿ ಚೂರು ಚೂರಾಗಿ ನೆಲದ ತುಂಬ ಹರಡಿತು. ಅವರು ಮೊಣಕೈ ಉಜ್ಜಿಕೊಳ್ಳುತ್ತಲೇ ಆ ಚೂರುಗಳನ್ನು ಒಂದೊಂದಾಗಿ ಆರಿಸಿ ಅರಿವೆಯೊಳಗೆ ಹಾಕುತ್ತಿದ್ದರು. ಆ ಸ್ಕೂಟರ್ ಹುಡುಗ ಹಿಂತಿರುಗಿಯೂ ನೋಡಲಿಲ್ಲ. ಅವನ ಲೆಕ್ಕದಲ್ಲೂ ಆ ದಾರಿ ಖಾಲಿಯೇ ಇತ್ತು.

ನನ್ನ ತಮ್ಮ ಕೆಟ್ಟವನಲ್ಲ. ಅವನಿಗೆ ಇದು ಅರ್ಥವಾಗುವ ಹಾಗೆ ಹೇಳಬೇಕು. ಕಾನೂನು ಏನು ಹೇಳುತ್ತದೆ, ದಂಡ ಎಷ್ಟು, ಬೇರೆ ಊರುಗಳಲ್ಲಿ ಹೇಗಿದೆ ಅಂತ ಗೊತ್ತಿದ್ದವರು ದಯವಿಟ್ಟು ತಿಳಿಸಿ.

ಕೋರ್ಟ್ ಸರ್ಕಲ್ ವಕೀಲ

ಅಕ್ಕಾರ, ಕಾನೂನಿನ ಮಟ್ಟಿಗೆ ನಾನು ಹೇಳುತ್ತೇನೆ. ಮೋಟಾರು ವಾಹನ ಕಾಯ್ದೆ 1988ರಲ್ಲಿ "ಬಸ್ ಲೇನ್ ದಂಡ" ಅಂತ ಬೇರೆ ಕಲಂ ಇಲ್ಲ. ಆದರೆ ಅದಕ್ಕೆ ಬೇಕಾದ್ದೆಲ್ಲ ಅದರಲ್ಲೇ ಇದೆ. ಯಾವ ರಸ್ತೆಯಲ್ಲಿ ಯಾವ ವಾಹನ ಹೋಗಬಾರದು ಅಂತ ನಿರ್ಬಂಧಿಸುವ ಅಧಿಕಾರ 115ನೇ ಕಲಂನಲ್ಲಿದೆ. ಅದನ್ನು ಜನರಿಗೆ ತಿಳಿಸುವ ಫಲಕ ಹಾಕುವುದು 116. ಆ ಫಲಕಕ್ಕೂ ಕರ್ತವ್ಯದಲ್ಲಿರುವ ಪೊಲೀಸರ ಸೂಚನೆಗೂ ಚಾಲಕ ತಲೆಬಾಗಬೇಕು ಅನ್ನುವುದು 119.

ದಂಡ ಬರುವುದು ಸಾಮಾನ್ಯವಾಗಿ 177ರ ಅಡಿಯಲ್ಲಿ. 2019ರ ತಿದ್ದುಪಡಿಗೆ ಮೊದಲು ಅದು ಬರೀ 100 ರೂಪಾಯಿ. ಆ ವರ್ಷದ ಸೆಪ್ಟೆಂಬರ್ 1ರಿಂದ ಮೊದಲ ಸಲಕ್ಕೆ 500ರ ತನಕ, ಮತ್ತೆ ಸಿಕ್ಕಿಬಿದ್ದರೆ 1500ರ ತನಕ ಆಯಿತು. ನಿಮ್ಮ ತಮ್ಮನಿಗೆ ಹಾಕಿದ್ದು ಅದೇ ಇರಬೇಕು. ರಸೀದಿಯಲ್ಲಿ ಕಲಂ ಬರೆದಿರುತ್ತಾರೆ, ನೋಡಿ.

ಒಂದು ವಿಷಯ ಜಾಸ್ತಿ ಜನರಿಗೆ ಗೊತ್ತಿಲ್ಲ. ಅದೇ ದಾರಿಯಲ್ಲಿ ಎದುರು ದಿಕ್ಕಿನಿಂದ ಬಂದರೆ ಲೆಕ್ಕವೇ ಬೇರೆ. ಅದು 184ರ ಪ್ರಕಾರ ಅಪಾಯಕಾರಿ ಚಾಲನೆ ಆಗಬಹುದು. ಮೊದಲ ಸಲಕ್ಕೇ 1000ದಿಂದ 5000 ರೂಪಾಯಿ, ಅಥವಾ ಆರು ತಿಂಗಳಿಂದ ಒಂದು ವರ್ಷದ ತನಕ ಜೈಲು, ಅಥವಾ ಎರಡೂ. ಯು ಟರ್ನ್ ದೂರ ಇದೆ ಅಂತ ಉಲ್ಟಾ ನುಗ್ಗುವವರನ್ನು ನಾನೇ ದಿನಾ ನೋಡುತ್ತೇನೆ.

ಟೋಲ್ ನಾಕಾ ಅಂಗಡಿ

ನಾನು ಧಾರವಾಡದಲ್ಲಿ ಅಂಗಡಿ ಇಟ್ಟವನು. ಎಲ್ಲರೂ ದಂಡದ ಮಾತು ಆಡುತ್ತೀರಿ. ನಮ್ಮ ಕಡೆಯದನ್ನೂ ಕೇಳಿ. ರಸ್ತೆ ಅಗಲ ಮಾಡುವಾಗ ಮರ ಹೋದವು, ಎಷ್ಟೋ ಜನರ ಕಟ್ಟಡದ ಮುಂಭಾಗ ಹೋಯಿತು. ಇಷ್ಟೆಲ್ಲ ಆದ ಮೇಲೆ ನಡುವಿನ ಭಾಗ ಬಸ್ಸಿಗೆ, ಉಳಿದ ಪಟ್ಟಿ ನಮಗೆ. ಆ ಪಟ್ಟಿಯಲ್ಲೇ ಆಟೋ, ಲಾರಿ, ಬೇಂದ್ರೆ ಹೆಸರಿನ ಖಾಸಗಿ ಬಸ್, ಶಾಲೆ ವ್ಯಾನ್, ಕೈಗಾಡಿ ಎಲ್ಲ. ಮಳೆ ಬಂದರೆ ನೀರು ನಿಲ್ಲುವುದೂ ನಮ್ಮ ಬದಿಗೇ. ಎದುರು ಬದಿಯ ಗೋಡೌನ್‌ಗೆ ಹೋಗಬೇಕಾದರೆ ನಾನು ಎಷ್ಟೋ ದೂರ ಹೋಗಿ ತಿರುಗಿ ಬರಬೇಕು.

ಜನ ಸಿಟ್ಟಾಗಿರುವುದು ಸುಮ್ನೆ ಅಲ್ಲ. ದೆಹಲಿಯಲ್ಲಿ 2008ರಲ್ಲಿ ಅಂಬೇಡ್ಕರ್ ನಗರದಿಂದ ಮೂಲಚಂದ್ ತನಕ ಇಂಥದ್ದೇ ದಾರಿ ಮಾಡಿದರು. 2016ರಲ್ಲಿ ಅವರೇ ಒಡೆದರು. ಭೋಪಾಲ್‌ನಲ್ಲಿ 2024ರಲ್ಲಿ ಒಡೆಯಲು ಶುರು ಮಾಡಿದರು. ನಮ್ಮಲ್ಲೂ ಎಲ್ಲ ವಾಹನಗಳಿಗೆ ಬಿಡಲಿ ಅನ್ನುವವರಲ್ಲಿ ನಾನೂ ಒಬ್ಬ. ಅಜ್ಜಿಯ ವಿಷಯ ಓದಿ ಸಂಕಟ ಆಯಿತು, ಅದು ಬೇರೆ ಮಾತು.

ಸ್ಟೇರಿಂಗ್ ಹಿಂದಿನಿಂದ

ಅಣ್ಣಾರ, ನಿಮ್ಮ ಕಷ್ಟ ಸುಳ್ಳಲ್ಲ. ನಾನು ಬಸ್ ಚಾಲಕ. ಎಲ್ಲಿ, ಯಾವ ಡಿಪೊ ಅಂತ ಬರೆಯುವುದಿಲ್ಲ. ಆ ಸೀಟಿನಲ್ಲಿ ಕೂತಾಗ ಏನು ಕಾಣುತ್ತದೆ ಅಂತ ಮಾತ್ರ ಹೇಳುತ್ತೇನೆ.

ಬೇರೆ ರಸ್ತೆಯಲ್ಲಿ ನಾವು ಯಾವಾಗಲೂ ಎಡಗಡೆ ಕಣ್ಣಿಟ್ಟಿರುತ್ತೇವೆ. ಇಲ್ಲಿ ನಿಲ್ದಾಣ ರಸ್ತೆಯ ನಡುವೆ, ಬಾಗಿಲು ಬಲಕ್ಕೆ. ಕಟ್ಟೆಗೂ ಬಸ್ಸಿಗೂ ನಡುವೆ ಅಂಗೈ ಅಗಲದ ಸಂದಿ ಉಳಿಯುವ ಹಾಗೆ ಒತ್ತಿ ನಿಲ್ಲಿಸಬೇಕು. ಇಲ್ಲದಿದ್ದರೆ ಮುದುಕರು, ಮಕ್ಕಳು ಕಾಲು ಸಿಕ್ಕಿಸಿಕೊಳ್ಳುತ್ತಾರೆ. ನಿಲ್ದಾಣ ಹತ್ತಿರ ಬಂದಾಗ ನನ್ನ ಕಣ್ಣು ಪೂರ್ತಿ ಬಲದ ಕನ್ನಡಿಯಲ್ಲಿರುತ್ತದೆ. ಸರಿಯಾಗಿ ಆ ಹೊತ್ತಿಗೆ ಎಡದಿಂದ ಒಂದು ಬೈಕ್ ನುಗ್ಗುತ್ತದೆ. ಅಲ್ಲಿ ಬೈಕ್ ಇರುತ್ತದೆ ಅಂತ ನಾನು ಅಂದುಕೊಂಡೇ ಇರುವುದಿಲ್ಲ.

ಇನ್ನೊಂದು, ಎಕ್ಸ್‌ಪ್ರೆಸ್ ಬಸ್. ಅದು ಎಲ್ಲ ನಿಲ್ದಾಣದಲ್ಲೂ ನಿಲ್ಲುವುದಿಲ್ಲ. ಜಾಗ ಇರುವ ಕಡೆ ನಿಂತ ಬಸ್ಸನ್ನು ದಾಟಿ ಮುಂದೆ ಹೋಗುತ್ತದೆ. ನಿಂತ ಬಸ್ಸಿನ ಮರೆಯಲ್ಲಿ ಬೈಕ್‌ನವನು ಬರುತ್ತಿದ್ದರೆ ಅವನಿಗೂ ನಾನು ಕಾಣುವುದಿಲ್ಲ, ನನಗೂ ಅವನು ಕಾಣುವುದಿಲ್ಲ. ಜನ ತುಂಬಿದ ಬಸ್ ಎಂದರೆ ಹತ್ತು ಹದಿನೈದು ಟನ್. ನಿಲ್ಲಿಸಬೇಕು ಅಂದ ಜಾಗದಲ್ಲಿ ನಿಲ್ಲುವುದಿಲ್ಲ. ಜೋರಾಗಿ ಒತ್ತಿದರೆ ಒಳಗಿನವರು ಬೀಳುತ್ತಾರೆ, ಮೆಲ್ಲಗೆ ಒತ್ತಿದರೆ ಹೊರಗಿನವನು ಸಾಯುತ್ತಾನೆ. ಅರ್ಧ ಸೆಕೆಂಡಿನಲ್ಲಿ ಇದನ್ನು ತೀರ್ಮಾನ ಮಾಡಬೇಕಾದವನು ನಾನು. ರಾತ್ರಿ ಮನೆಗೆ ಹೋದ ಮೇಲೂ ಕೈ ನಡುಗಿದ ದಿನಗಳಿವೆ.

ಅಕ್ಕಾರ, ಆ ಅಜ್ಜಿ ಬಿದ್ದಿದ್ದಕ್ಕೆ ಆ ಚಾಲಕನ ಮೇಲೆ ಬೇಜಾರು ಮಾಡಿಕೊಳ್ಳಬೇಡಿ.

ಉಣಕಲ್ ಕೆರೆದಂಡೆ

ಅಣ್ಣಾ, ಅವರ ಮೇಲೆ ನನಗೆ ಒಂದಿಷ್ಟೂ ಬೇಜಾರಿಲ್ಲ. ಬಸ್ ನಿಲ್ಲಿಸಿ ಅವರೇ ಎದ್ದು ಬಂದು ಅಜ್ಜಿಯನ್ನು ಎಬ್ಬಿಸಿದರು. ನಿಮ್ಮ ಬರಹವನ್ನು ತಮ್ಮನಿಗೆ ಓದಿ ಹೇಳಿದೆ. ಬಲದ ಕನ್ನಡಿಯ ಮಾತು ಬಂದಾಗ ಸುಮ್ಮನಾದ.

ಬೆಳ್ಳಂದೂರು ಬಸ್ಸಿಗ

ಬೆಂಗಳೂರಿನ ಹೊರ ವರ್ತುಲ ರಸ್ತೆಯ ಕಥೆ ಹೇಳುತ್ತೇನೆ. ನಿಮ್ಮಲ್ಲಿ ಇರುವುದನ್ನು ಕಳೆದುಕೊಂಡರೆ ಏನಾಗುತ್ತದೆ ಅಂತ ಅದರಿಂದ ಗೊತ್ತಾಗಬಹುದು.

2019ರ ಅಕ್ಟೋಬರ್‌ನಲ್ಲಿ ಸಿಲ್ಕ್ ಬೋರ್ಡ್‌ನಿಂದ ಕೆ.ಆರ್. ಪುರದ ಕಡೆಗೆ ಬಸ್ ಆದ್ಯತಾ ಪಥ ಶುರುವಾಯಿತು. ರಸ್ತೆಯ ಎಡ ಅಂಚಿನಲ್ಲಿ ಮೂರೂವರೆ ಮೀಟರ್ ಅಗಲ, ಪಕ್ಕದಲ್ಲಿ ಸಾಲಾಗಿ ಬೊಲಾರ್ಡ್ ಕಂಬಗಳು. ಬಸ್ಸು, ಆಂಬುಲೆನ್ಸ್, ಅಗ್ನಿಶಾಮಕ ವಾಹನ ಬಿಟ್ಟು ಬೇರೆ ಯಾವುದೂ ಬರುವ ಹಾಗಿಲ್ಲ. ಮೊದಲ ದಿನಗಳಲ್ಲಿ ಪೊಲೀಸರು ನಿಂತಿದ್ದರು. ನಾನು ಮಾರತ್ತಹಳ್ಳಿಯಲ್ಲಿ ಹತ್ತಿ ಕಿಟಕಿ ಪಕ್ಕ ಕೂತರೆ, ನಿಂತ ಕಾರುಗಳ ಸಾಲು ಹಿಂದೆ ಹಿಂದೆ ಸರಿಯುತ್ತಿತ್ತು. ಎಷ್ಟೋ ವರ್ಷ ಆ ಸಾಲಿನಲ್ಲೇ ಕೂತು ಕ್ಲಚ್ ತುಳಿದವನು ನಾನು. ಬಸ್ಸಿನಲ್ಲಿ ಇರುವುದಕ್ಕೆ ಮೊದಲ ಸಲ ಖುಷಿಯಾಗಿತ್ತು. ಕಾರು ಮನೆಯಲ್ಲೇ ಬಿಟ್ಟೆ.

ಆಮೇಲೆ ಒಂದೊಂದೇ ಕಂಬ ಮುರಿಯಿತು. ಒಂದು ಕಂಬ ಹೋದ ಕಡೆ ಮೊದಲು ಬೈಕ್ ಬರುತ್ತದೆ. ಎರಡು ಹೋದರೆ ಆಟೋ. ಮೂರು ಹೋದರೆ ಕ್ಯಾಬ್ ಬಂದು ಅಲ್ಲೇ ನಿಂತು ಗಿರಾಕಿಗೆ ಫೋನ್ ಮಾಡುತ್ತದೆ. ಮುರಿದ ಕಂಬದ ಬುಡದ ಬೋಲ್ಟ್ ರಸ್ತೆಯಲ್ಲೇ ಚಾಚಿಕೊಂಡಿರುತ್ತಿತ್ತು. 2020ರಲ್ಲಿ ಕೊರೊನಾ ಬಂದು ಆಫೀಸುಗಳು ಮುಚ್ಚಿದವು. ಅದಾದ ಮೇಲೆ ಅದೇ ರಸ್ತೆಯಲ್ಲಿ ಮೆಟ್ರೊ ಕಾಮಗಾರಿ ಬಂತು. ಪಥ ಅಳಿಸಿಹೋಯಿತು.

ನಮ್ಮದರಲ್ಲಿ ಇನ್ನೊಂದು ತೊಂದರೆಯೂ ಇತ್ತು. ಪಥ ಎಡ ಅಂಚಿನಲ್ಲಿತ್ತು. ಟೆಕ್ ಪಾರ್ಕ್ ಗೇಟಿಗೆ ಹೋಗುವವನು, ಸರ್ವಿಸ್ ರಸ್ತೆಗೆ ಇಳಿಯುವವನು, ಎಲ್ಲರೂ ಅದನ್ನು ದಾಟಲೇಬೇಕು. ದಾಟುವವನು ಯಾರು, ಸುಮ್ನೆ ನುಗ್ಗುವವನು ಯಾರು ಅಂತ ಪೊಲೀಸರಿಗೂ ತಿಳಿಯುವುದು ಕಷ್ಟ. ನಿಮ್ಮದು ರಸ್ತೆಯ ನಡುವೆ ಇದೆ. ಎಡಕ್ಕೆ ತಿರುಗುವವನಿಗೆ ಅದರ ಗೊಡವೆಯೇ ಇಲ್ಲ. ನಿಮ್ಮ 22 ಕಿಲೋಮೀಟರ್ ದಾರಿ ನಮಗೆ ಸಿಕ್ಕಿದ್ದರೆ ಅಂತ ನನಗೆ ಎಷ್ಟೋ ಸಲ ಅನ್ನಿಸಿದೆ. ದಯವಿಟ್ಟು ಅದನ್ನು ಬಿಟ್ಟುಕೊಡಬೇಡಿ.

ಟೋಲ್ ನಾಕಾ ಅಂಗಡಿ

ಸರ್, ಬೆಂಗಳೂರಿನಲ್ಲಿ ಕೂತು ಹೇಳುವುದು ಸುಲಭ. ದಿನಾ ನಾನು ಅಂಗಡಿ ಬಾಗಿಲಲ್ಲಿ ನಿಂತು ನೋಡುತ್ತೇನೆ. ಒಂದು ಬಸ್ ಹೋದರೆ ಮತ್ತೊಂದು ಬರುವ ತನಕ ಅಷ್ಟು ಅಗಲದ ರಸ್ತೆ ಸುಮ್ನೆ ಬಿಸಿಲು ಕಾಯುತ್ತಿರುತ್ತದೆ. ಇದು ಕಣ್ಣಿಗೆ ಕಾಣುವ ಸತ್ಯ ಅಲ್ವಾ?

ವಿದ್ಯಾನಗರ ಹಾಸ್ಟೆಲ್

ಕಾಕಾ, ನಾನು ಸಿವಿಲ್ ಇಂಜಿನಿಯರಿಂಗ್ ಓದುವ ಹುಡುಗಿ. ನಿಮ್ಮ ಈ ಮಾತನ್ನೇ ಹಿಡಿದು ಒಂದು ಲೆಕ್ಕ ಹೇಳುತ್ತೇನೆ, ತಪ್ಪಿದ್ದರೆ ತಿದ್ದಿ.

ಎರಡು ನಿಮಿಷಕ್ಕೊಂದು ಬಸ್ ಬರುತ್ತದೆ ಅಂತ ಇಟ್ಟುಕೊಳ್ಳಿ. ಒಂದು ಬಸ್ಸಿನಲ್ಲಿ 60 ಜನ. ಗಂಟೆಗೆ 30 ಬಸ್, ಅಂದರೆ 1800 ಜನ. ಇಷ್ಟೇ ಜನ ಕಾರಿನಲ್ಲಿ ಹೋದರೆ? ಎರಡು ಕಾರಿಗೆ ಮೂರು ಜನ ಅಂತ ಹಿಡಿದರೂ 1200 ಕಾರು ಬೇಕು. ಅಷ್ಟೂ ಕಾರು ನಿಮ್ಮ ಅಂಗಡಿ ಮುಂದಿನ ಪಟ್ಟಿಗೇ ಬರುತ್ತವೆ.

ಈಗ ಖಾಲಿ ಕಾಣುವುದು ಯಾಕೆ ಅಂತ ನೋಡೋಣ. ಗಂಟೆಗೆ 40 ಕಿಲೋಮೀಟರ್ ವೇಗದ ಬಸ್ ಎರಡು ನಿಮಿಷದಲ್ಲಿ 1300 ಮೀಟರ್ ದಾಟುತ್ತದೆ. ಬಸ್ಸಿನ ಉದ್ದ 12 ಮೀಟರ್. ಅಂದರೆ ಎರಡು ಬಸ್ಸಿನ ನಡುವೆ ಒಂದೂಕಾಲು ಕಿಲೋಮೀಟರ್‌ಗಿಂತ ಜಾಸ್ತಿ ರಸ್ತೆ ಖಾಲಿ ಕಾಣಲೇಬೇಕು. ಬಸ್ ನಿಲ್ಲದೆ ಓಡುತ್ತಿರುವುದರಿಂದಲೇ ಅದು ಖಾಲಿ ಕಾಣುವುದು. ತುಂಬಿದ ಹಾಗೆ ಕಾಣಿಸಬೇಕು ಅಂದರೆ ಬಸ್ ನಿಲ್ಲಬೇಕು.

ಆ ಜಾಗಕ್ಕೆ ಒಂದು ಸಿಗ್ನಲ್ ಹತ್ತಿರ ಬರೀ 30 ಕಾರು ಬಿಡಿ. ಒಂದಕ್ಕೆ 6 ಮೀಟರ್ ಹಿಡಿದರೆ 180 ಮೀಟರ್ ಸಾಲು. ಬಸ್ ಆ ಸಾಲಿನ ಕೊನೆಗೆ ನಿಲ್ಲುತ್ತದೆ. ಒಂದು ಹಸಿರು ತಪ್ಪುತ್ತದೆ, ಹಿಂದಿನ ಬಸ್ ಬಂದು ಸೇರಿಕೊಳ್ಳುತ್ತದೆ. ಆಮೇಲೆ ಎರಡು ಬಸ್ ಒಟ್ಟಿಗೆ, ಮತ್ತೆ ಎಷ್ಟೋ ಹೊತ್ತು ಏನೂ ಇಲ್ಲ. ಬಸ್ ಸರಿಯಾದ ಹೊತ್ತಿಗೆ ಬರುವುದಿಲ್ಲ ಅಂತ ನಾವೆಲ್ಲ ಸ್ಕೂಟಿ ತಗೋತೀವಿ. ನಮ್ಮ ಹಾಸ್ಟೆಲ್‌ನಲ್ಲೇ ಎಷ್ಟು ಹುಡುಗಿಯರು ಚಿಗರಿ ನಂಬಿಕೊಂಡು ಧಾರವಾಡಕ್ಕೆ ಕ್ಲಾಸಿಗೆ, ಲೈಬ್ರರಿಗೆ ಓಡಾಡುತ್ತಾರೆ ಗೊತ್ತಾ? ಸಂಜೆ ಕತ್ತಲಾದ ಮೇಲೂ ಇಷ್ಟು ಹೊತ್ತಿಗೆ ಮನೆ ಸೇರುತ್ತೇನೆ ಅಂತ ಅವ್ವನಿಗೆ ಫೋನಿನಲ್ಲಿ ಹೇಳಬಹುದು. ನನಗೆ ಅದು ತುಂಬಾ ದೊಡ್ಡದು.

ಥೇಮ್ಸ್ ದಂಡೆಯ ದಾವಣಗೆರೆ

ಲಂಡನ್‌ನಿಂದ ಬರೆಯುತ್ತಿದ್ದೇನೆ. ಇಲ್ಲಿಗೆ ಬಂದ ಹೊಸತರಲ್ಲಿ ನಾನೂ ಬಸ್ ಲೇನ್‌ನಲ್ಲಿ ಹೋಗಿ ದಂಡ ಕಟ್ಟಿದವನು. ಬೆಳಿಗ್ಗೆ 7ರಿಂದ 10 ಅಂತ ಫಲಕದಲ್ಲಿ ಬರೆದಿತ್ತು. ನಾನು ಹೋದದ್ದು ಹತ್ತಕ್ಕೆ ಹತ್ತು ನಿಮಿಷ ಇದ್ದಾಗ. ಕೆಲವು ದಿನಗಳ ಮೇಲೆ ಮನೆಗೆ ಪತ್ರ ಬಂತು. ನನ್ನ ಕಾರಿನ ಫೋಟೊ, ಸಮಯ, ಜಾಗ ಎಲ್ಲ ಅದರಲ್ಲಿತ್ತು. ವಾದ ಮಾಡಲು ಏನೂ ಉಳಿದಿರಲಿಲ್ಲ.

ಲಂಡನ್ ಸಾರಿಗೆ ಸಂಸ್ಥೆಯ ರಸ್ತೆಗಳಲ್ಲಿ 2022ರ ಜನವರಿಯಿಂದ ಈ ದಂಡ 130 ಪೌಂಡ್‌ನಿಂದ 160 ಪೌಂಡ್‌ಗೆ ಏರಿತು. 14 ದಿನದೊಳಗೆ ಕಟ್ಟಿದರೆ ಅರ್ಧ, ಅಂದರೆ 80. ಇದು ಕ್ರಿಮಿನಲ್ ಕೇಸ್ ಅಲ್ಲ, ಲೈಸೆನ್ಸ್ ಮೇಲೆ ಪಾಯಿಂಟ್ ಬೀಳುವುದಿಲ್ಲ. ತಪ್ಪಾಗಿ ಬಂದಿದ್ದರೆ ಆಕ್ಷೇಪಣೆ ಹಾಕಬಹುದು, ಅದನ್ನು ಕೇಳಲು ಸ್ವತಂತ್ರ ವ್ಯವಸ್ಥೆ ಇದೆ. ಇಲ್ಲಿ ಸೈಕಲ್‌ಗೆ, ಕಪ್ಪು ಟ್ಯಾಕ್ಸಿಗೆ ಸಾಮಾನ್ಯವಾಗಿ ಬಸ್ ಲೇನ್‌ನಲ್ಲಿ ಬಿಡುತ್ತಾರೆ. ಕೆಲವು ಕಡೆ ಬೈಕ್‌ಗೂ ಬಿಡುತ್ತಾರೆ, ಕೆಲವು ಕಡೆ ಇಲ್ಲ. ಎಲ್ಲವೂ ಆ ಫಲಕದಲ್ಲಿರುತ್ತದೆ.

ದಂಡದ ಮೊತ್ತಕ್ಕಿಂತ ನನ್ನನ್ನು ತಿದ್ದಿದ್ದು ಬೇರೆ. ಯಾರು ಹೋದರೂ ಪತ್ರ ಬರುತ್ತದೆ ಅನ್ನುವ ಖಾತ್ರಿ. ನೂರು ಜನ ಹೋಗಿ ಒಬ್ಬ ಸಿಕ್ಕಿಬಿದ್ದರೆ ಆ ಒಬ್ಬನಿಗೆ ತಾನು ನತದೃಷ್ಟ ಅನ್ನಿಸುತ್ತದೆ. ತಪ್ಪು ಮಾಡಿದೆ ಅನ್ನಿಸುವುದಿಲ್ಲ. ಅಕ್ಕ, ನಿಮ್ಮ ತಮ್ಮನ ಕೂಗಾಟಕ್ಕೆ ಅದೇ ಕಾರಣ ಇರಬಹುದು.

ಉಣಕಲ್ ಕೆರೆದಂಡೆ

ಹೌದು, ಅವನು ಅದನ್ನೇ ಹೇಳಿದ. "ನನ್ನ ಮುಂದೆ ನಾಲ್ಕು ಬೈಕ್ ಹೋದವು, ಅವರನ್ನು ಯಾರೂ ಹಿಡಿಯಲಿಲ್ಲ" ಅಂತ. ವಕೀಲರೇ, ನಮ್ಮಲ್ಲೂ ಕ್ಯಾಮೆರಾದಿಂದ ದಂಡ ಹಾಕಲು ಅವಕಾಶ ಇದೆಯಾ? ಇನ್ನೊಂದು ಪ್ರಶ್ನೆ. ಆಂಬುಲೆನ್ಸ್‌ಗೆ ದಾರಿ ಬಿಡಲು ಆ ದಾರಿಯೊಳಗೆ ಹೋದರೆ ಏನು ಗತಿ?

ಕೋರ್ಟ್ ಸರ್ಕಲ್ ವಕೀಲ

ಕ್ಯಾಮೆರಾಗೆ ಅವಕಾಶ ಖಂಡಿತ ಇದೆ. ಕಾಯ್ದೆಗೆ 136ಎ ಸೇರಿಸಿದರು. 2021ರ ಆಗಸ್ಟ್‌ನಲ್ಲಿ ಕೇಂದ್ರ ನಿಯಮಗಳಲ್ಲಿ 167ಎ ಬಂತು. ಅದರ ಪ್ರಕಾರ ಕ್ಯಾಮೆರಾಗೆ ಪ್ರಮಾಣಪತ್ರ ಇರಬೇಕು, ಅಲ್ಲಿ ಕ್ಯಾಮೆರಾ ಇದೆ ಅಂತ ಜನರಿಗೆ ಕಾಣುವ ಫಲಕ ಇರಬೇಕು. ತಪ್ಪು ನಡೆದ 15 ದಿನದೊಳಗೆ ನೋಟಿಸ್ ಕಳಿಸಬೇಕು. ನೋಟಿಸ್‌ನಲ್ಲಿ ನಂಬರ್ ಪ್ಲೇಟ್ ಕಾಣುವ ಫೋಟೊ, ದಿನಾಂಕ, ಸಮಯ, ಜಾಗ, ಯಾವ ಕಲಂ ಅನ್ನುವುದು ಇರಬೇಕು. ಯಾರಿಗಾದರೂ ಹಾಗೆ ನೋಟಿಸ್ ಬಂದರೆ ಮೊದಲು ಫೋಟೊ ನೋಡಿ. ನಿಮ್ಮ ಗಾಡಿಯೇನಾ, ದಾರಿಯೊಳಗೆ ಇದೆಯಾ, ದಾಟುವ ಜಾಗದಲ್ಲಿದೆಯಾ ಅಂತ ಪರೀಕ್ಷಿಸಿ. ತಪ್ಪಿಲ್ಲ ಅನ್ನಿಸಿದರೆ ಆಕ್ಷೇಪಣೆ ಹಾಕಬಹುದು.

ದಂಡ ಬಾಕಿ ಇಟ್ಟು ರಿಯಾಯಿತಿಗೆ ಕಾಯುವವರೂ ಇದ್ದಾರೆ. 2023ರ ಫೆಬ್ರವರಿಯಲ್ಲಿ ಸರ್ಕಾರ ಬಾಕಿ ದಂಡಕ್ಕೆ ಅರ್ಧ ರಿಯಾಯಿತಿ ಕೊಟ್ಟಾಗ ಜನ ಸಾಲುಗಟ್ಟಿ ಕಟ್ಟಿದರು. ಇದು ನನಗೆ ಹಿಡಿಸುವುದಿಲ್ಲ. ತಕ್ಷಣ ಕಟ್ಟಿದವನು ಪೂರ್ತಿ ಕಟ್ಟುತ್ತಾನೆ, ವರ್ಷಗಟ್ಟಲೆ ತಪ್ಪಿಸಿಕೊಂಡವನು ಅರ್ಧ ಕಟ್ಟುತ್ತಾನೆ. ಲಂಡನ್‌ನವರು ಹೇಳಿದ ಕ್ರಮ ಇದಕ್ಕೆ ಉಲ್ಟಾ ಇದೆ ನೋಡಿ. ಅಲ್ಲಿ ಬೇಗ ಕಟ್ಟಿದವನಿಗೆ ಅರ್ಧ.

ಆಂಬುಲೆನ್ಸ್ ವಿಷಯ. ದಾರಿ ಬಿಡದೆ ನಿಂತರೆ 194ಇ ಪ್ರಕಾರ 10,000 ರೂಪಾಯಿ ದಂಡ, ಅಥವಾ ಆರು ತಿಂಗಳ ತನಕ ಜೈಲು, ಅಥವಾ ಎರಡೂ. ಜೀವ ಉಳಿಸಲು ನೀವು ಎರಡು ಗಜ ಪಕ್ಕಕ್ಕೆ ಸರಿದದ್ದನ್ನು ಯಾವ ನ್ಯಾಯಾಧೀಶರಾದರೂ ಅರ್ಥ ಮಾಡಿಕೊಳ್ಳುತ್ತಾರೆ. ಆದರೆ ಆಂಬುಲೆನ್ಸ್ ಬಾಲ ಹಿಡಿದು ಆ ದಾರಿಯಲ್ಲೇ ಮುಂದೆ ಓಡಿಸಿಕೊಂಡು ಹೋದರೆ ಅದಕ್ಕೆ ಕ್ಷಮೆ ಇಲ್ಲ.

ದೆಹಲಿಯ ಮಾತು ಬಂತಲ್ಲ. ಆ ದಾರಿ ರದ್ದು ಮಾಡಿ ಅಂತ ಹೋದ ಅರ್ಜಿಯನ್ನು 2012ರಲ್ಲಿ ಅಲ್ಲಿನ ಹೈಕೋರ್ಟ್ ಒಪ್ಪಲಿಲ್ಲ. ಆಮೇಲೆ ಒಡೆದದ್ದು ಸರ್ಕಾರ. ಅದೇ ದೆಹಲಿ 2022ರ ಏಪ್ರಿಲ್ 1ರಿಂದ 15 ರಸ್ತೆಗಳಲ್ಲಿ ಮತ್ತೆ ಬಸ್ ಲೇನ್ ನಿಯಮ ತಂದಿತು. ಆ ಸಲ ಅವರು ಮೊದಲು ಹಿಡಿದದ್ದು ಬಸ್ಸು, ಲಾರಿಗಳನ್ನೇ. ಲೇನ್ ಬಿಟ್ಟು ಹೊರಗೆ ಬಂದರೆ 10,000 ರೂಪಾಯಿ ತನಕ ದಂಡ.

ಸ್ಟೇರಿಂಗ್ ಹಿಂದಿನಿಂದ

ಇದು ಸರಿ ಇದೆ. ನಿಯಮ ನಮಗೂ ಇರಬೇಕು. ಕಾರಿನವರಿಗೆ ಒಳಗೆ ಬರಬೇಡಿ ಅಂದ ಮೇಲೆ ನಾವೂ ಬೇಕಾದಂತೆ ಓಡಿಸಬಾರದು. ಸಿಗ್ನಲ್ ಜಿಗಿಯುವ ಚಾಲಕ ನಮ್ಮವನೇ ಆದರೂ ದಂಡ ಬೀಳಲಿ.

ಟೋಲ್ ನಾಕಾ ಅಂಗಡಿ

ಹುಡುಗಿ ಹೇಳಿದ ಲೆಕ್ಕವನ್ನು ನಾನು ನಿನ್ನೆ ಅಂಗಡಿಯಲ್ಲಿ ಕೂತು ಪರೀಕ್ಷೆ ಮಾಡಿದೆ. ಸಂಜೆ ಐದರಿಂದ ಅರ್ಧ ತಾಸು ಬಸ್ ಎಣಿಸಿದೆ. ಎರಡೂ ದಿಕ್ಕು ಸೇರಿ ನಾನು ಅಂದುಕೊಂಡದ್ದಕ್ಕಿಂತ ಜಾಸ್ತಿ ಬಂದವು. ಎಲ್ಲದರಲ್ಲೂ ಜನ ನಿಂತಿದ್ದರು. ಅದರಲ್ಲಿ ನನ್ನ ಅಂಗಡಿಗೆ ಬರುವ ಗಿರಾಕಿಗಳೂ ಇಳಿದರು. ಇದನ್ನು ನಾನು ಒಪ್ಪುತ್ತೇನೆ.

ಆದರೆ ನನ್ನ ಬೇಡಿಕೆ ಹಾಗೇ ಇದೆ. ಬದಿಯ ಪಟ್ಟಿಯ ನೀರು ಹೋಗಲು ಚರಂಡಿ ಬೇಕು. ನಡೆದು ದಾಟುವವರಿಗೆ ಹತ್ತಿರದಲ್ಲಿ ಜಾಗ ಬೇಕು. ಬದಿ ರಸ್ತೆಯಲ್ಲಿ ಅಡ್ಡಾದಿಡ್ಡಿ ನಿಲ್ಲಿಸಿದ ಗಾಡಿ ತೆಗೆಸಬೇಕು. ಇವು ಮೂರು ಆದರೆ ಅರ್ಧ ಜನ ಆ ದಾರಿಯ ಕಡೆ ತಿರುಗಿಯೂ ನೋಡುವುದಿಲ್ಲ. ಬರೀ ದಂಡ ಹಾಕಿ, ಬದಿಯ ರಸ್ತೆ ಹಾಗೇ ಬಿಟ್ಟರೆ ಸಿಟ್ಟು ಬೆಳೆಯುತ್ತದೆ.

ವಿದ್ಯಾನಗರ ಹಾಸ್ಟೆಲ್

ಕಾಕಾ, ಮೂರಕ್ಕೂ ನನ್ನ ಸಹಿ ಇದೆ. ನಿಮ್ಮ ಪಟ್ಟಿಗೆ ರೇಲಿಂಗ್ ಸೇರಿಸಿ. ಮುರಿದ ಜಾಗ ಮುಚ್ಚದೆ ಎಷ್ಟು ಪೊಲೀಸರು ನಿಂತರೂ ಸಾಲದು. ಬೆಳ್ಳಂದೂರಿನವರು ಹೇಳಿದ ಹಾಗೆ ಮೊದಲನೇ ಸಂದಿಯಲ್ಲೇ ಎಲ್ಲ ಶುರುವಾಗುವುದು.

ಉಣಕಲ್ ಕೆರೆದಂಡೆ

ನಿನ್ನೆ ಸಂಜೆ ನಾನು, ತಮ್ಮ ಇಬ್ಬರೂ ನವನಗರದಿಂದ ಉಣಕಲ್ ತನಕ ಬದಿಯಲ್ಲಿ ನಡೆದುಕೊಂಡು ಬಂದೆವು. ಬೈಕ್ ನುಗ್ಗುವಷ್ಟು ರೇಲಿಂಗ್ ಮುರಿದ ಜಾಗ ನಾಲ್ಕು ಸಿಕ್ಕವು. ಎಲ್ಲದರ ಫೋಟೊ ತೆಗೆದಿದ್ದೇವೆ. ಒಂದು ಕಡೆ ಟೈರಿನ ಗುರುತು ಎಷ್ಟು ಬಿದ್ದಿದೆ ಎಂದರೆ ಡಿವೈಡರ್ ಅಂಚಿನ ಕಲ್ಲು ಸವೆದು ನುಣ್ಣಗಾಗಿದೆ. ಅದನ್ನು ತೋರಿಸಿ ತಮ್ಮನೇ ಹೇಳಿದ, "ಅಕ್ಕಾ, ನಾನು ಒಳಗೆ ಹೋದದ್ದು ಇಲ್ಲಿಂದಲೇ" ಅಂತ.

ಸೋಮವಾರ ಬೆಳಿಗ್ಗೆ 11ಕ್ಕೆ ಈ ಫೋಟೊಗಳ ಜೊತೆ ಅರ್ಜಿ ಕೊಡಲು ಹೋಗುತ್ತಿದ್ದೇನೆ. ಅಂಗಡಿ ಅಣ್ಣಾರು ಹೇಳಿದ ಚರಂಡಿ, ದಾಟುವ ಜಾಗ, ಅಡ್ಡ ನಿಲ್ಲಿಸುವ ಗಾಡಿ, ಮೂರನ್ನೂ ಬರೆದಿದ್ದೇನೆ. ಯಾರಾದರೂ ಜೊತೆಗೆ ಬರುತ್ತೀರಾ?

ಟೋಲ್ ನಾಕಾ ಅಂಗಡಿ

ನಾನು ಬರುತ್ತೇನೆ. ನೀರು ನಿಂತಾಗ ತೆಗೆದ ಫೋಟೊಗಳು ನನ್ನ ಹತ್ತಿರವೂ ಇವೆ, ತರುತ್ತೇನೆ. ಹತ್ತು ಗಂಟೆಗೆ ಅಂಗಡಿ ಮಗನಿಗೆ ಒಪ್ಪಿಸಿ ಹೊರಡುತ್ತೇನೆ. ಚಿಗರಿಯಲ್ಲೇ ಬರುತ್ತೇನೆ, ಉಣಕಲ್ ನಿಲ್ದಾಣದಲ್ಲಿ ಇಳಿದು ಕಾಯುತ್ತೇನೆ.

ಕೋರ್ಟ್ ಸರ್ಕಲ್ ವಕೀಲ

ಅರ್ಜಿಯ ಎರಡು ಪ್ರತಿ ತಗೊಂಡು ಹೋಗಿ. ಒಂದರ ಮೇಲೆ ಸ್ವೀಕೃತಿ ಸೀಲು, ದಿನಾಂಕ ಹಾಕಿಸಿಕೊಳ್ಳದೆ ಬರಬೇಡಿ.